ಬರಿಗೈಯವರು: ಕಲ್ಪನೆಯ ಲೋಕಕ್ಕೊಂದು ತತ್ವಪಂಥ ಕಟ್ಟುವ ಬಗೆ

ಮೂರು ವರ್ಷದ ಹಿಂದೆ ನಮ್ಮ ಭಾನುವಾರದ ಆಟಕ್ಕೆಂದು ನಾನೊಂದು ತತ್ವಪಂಥ ಬರೆದೆ. ದಾಳ, ಪೆನ್ನು, ಕಾಗದ ಇಟ್ಟುಕೊಂಡು ಐದು ಜನ ಕೂತು ಕಥೆ ಕಟ್ಟುತ್ತಾ ಆಡುವ ಆಟ ಅದು. ಲೋಕ ಕಟ್ಟುವ ಕೆಲಸ ನನ್ನದು. ಹನ್ನೊಂದು ಪುಟ ಬರೆದಿದ್ದೆ. ಆತ್ಮ ಎಂದರೇನು, ಕಾಲ ಎಂದರೇನು, ಬೆಳಕು ಮೊದಲೋ ಕತ್ತಲೆ ಮೊದಲೋ, ಎಲ್ಲಾ ಇತ್ತು. ಹೆಸರು ಬೇರೆ ಭರ್ಜರಿ: ಶಾಶ್ವತ ಸಮತೋಲನವಾದ. ಆಟದ ದಿನ ಆ ಪಂಥದ ಗುರು ಎದುರಾದ. ಗೆಳತಿಯೊಬ್ಬಳು ಕೇಳಿದಳು, "ಇವರು ಹೊಟ್ಟೆಗೇನ್ ಮಾಡ್ತಾರೆ?" ನನ್ನ ಹತ್ತಿರ ಉತ್ತರ ಇರಲಿಲ್ಲ. ಇನ್ನೊಬ್ಬ ಕೇಳಿದ, "ಇವರನ್ನ ಕಂಡ್ರೆ ಯಾರಿಗಾಗಲ್ಲ?" ಅದಕ್ಕೂ ಇರಲಿಲ್ಲ. ಗುರು ಎರಡು ನಿಮಿಷ ಮಾತಾಡುವಷ್ಟರಲ್ಲಿ ಎಲ್ಲರೂ ಮೊಬೈಲ್ ಕೈಗೆತ್ತಿಕೊಂಡಿದ್ದರು.

ಆ ಹನ್ನೊಂದು ಪುಟದಲ್ಲಿ ನಂಬಿಕೆ ಬೇಕಾದಷ್ಟಿತ್ತು, ನಂಬುವ ಜನ ಇರಲಿಲ್ಲ. ಎರಡನೇ ಸಲ ಬೇರೆ ದಾರಿ ಹಿಡಿದೆ. ಆ ದಾರಿಯನ್ನೇ ಇಲ್ಲಿ ಹೆಜ್ಜೆ ಹೆಜ್ಜೆಯಾಗಿ ಬರೆಯುತ್ತಿದ್ದೇನೆ. ಕಾದಂಬರಿ ಬರೆಯುವವರಿಗೂ ಆದೀತು, ಆಟ ಆಡಿಸುವವರಿಗೂ ಆದೀತು. ಉದಾಹರಣೆಗೆ ಒಂದೇ ಪಂಥವನ್ನು ಕೊನೆವರೆಗೂ ಎಳೆದುಕೊಂಡು ಹೋಗುತ್ತೇನೆ. ನೀವು ಪಕ್ಕದಲ್ಲಿ ಒಂದು ನೋಟ್‌ಬುಕ್ ಇಟ್ಟುಕೊಂಡು ನಿಮ್ಮದನ್ನು ಕಟ್ಟುತ್ತಾ ಬನ್ನಿ.

ಹೆಜ್ಜೆ 1: ಲೋಕದ ಒಂದು ವಿಚಿತ್ರ ಹಿಡಿಯಿರಿ

"ಸತ್ಯ ಎಂದರೇನು" ಅಂತ ಶುರು ಮಾಡಬೇಡಿ. ಆ ಪ್ರಶ್ನೆ ಯಾವ ಲೋಕದಲ್ಲಿ ಬೇಕಾದರೂ ಹುಟ್ಟುತ್ತದೆ. ಹಾಗಾಗಿ ಅದು ನಿಮ್ಮ ಲೋಕದ ಬಗ್ಗೆ ಏನೂ ಹೇಳುವುದಿಲ್ಲ. ನಿಜವಾದ ಪಂಥಗಳು ಹುಟ್ಟಿದ್ದು ತಮ್ಮ ಊರಿನ, ತಮ್ಮ ಕಾಲದ ಕಿರಿಕಿರಿಯಿಂದ.

ಚೀನಾದ ಮೋತ್ಸಿಯನ್ನು ನೋಡಿ. ಕ್ರಿಸ್ತಪೂರ್ವ 5ನೇ ಶತಮಾನದ ಸುಮಾರಿನವನು. ದೊಡ್ಡ ರಾಜ್ಯಗಳು ಸಣ್ಣ ರಾಜ್ಯಗಳನ್ನು ನುಂಗುತ್ತಿದ್ದ ಕಾಲ. ಅವನ ಪ್ರಶ್ನೆ ತೀರಾ ಸರಳ. ಒಬ್ಬನ ತೋಟಕ್ಕೆ ನುಗ್ಗಿ ಹಣ್ಣು ಕದ್ದವನನ್ನು ಎಲ್ಲರೂ ಕಳ್ಳ ಅನ್ನುತ್ತಾರೆ, ಒಂದು ಇಡೀ ರಾಜ್ಯಕ್ಕೆ ನುಗ್ಗಿದವನನ್ನು ಮಾತ್ರ ಯಾಕೆ ಹೊಗಳುತ್ತಾರೆ? ಅವನ ಶಿಷ್ಯರು ಬರೀ ಮಾತಾಡುತ್ತಾ ಕೂರಲಿಲ್ಲ. ಕೋಟೆ ಕಾಯುವುದರಲ್ಲಿ ಪಳಗಿದರು. ಚೂ ರಾಜ್ಯದವರು ಸಾಂಗ್ ಎಂಬ ಚಿಕ್ಕ ರಾಜ್ಯದ ಮೇಲೆ ಬೀಳಲು ಏಣಿಯಂತ್ರ ಮಾಡಿಸಿದ್ದಾರೆ ಅಂತ ಕೇಳಿ ಮೋತ್ಸಿ ಹತ್ತು ಹಗಲು ಹತ್ತು ರಾತ್ರಿ ನಡೆದುಹೋದ ಎಂಬ ಕಥೆ ಇದೆ. ಅಲ್ಲಿ ಸೊಂಟದ ಪಟ್ಟಿ ಬಿಚ್ಚಿ ನೆಲದ ಮೇಲಿಟ್ಟು ಇದೇ ಕೋಟೆ ಅಂದ. ಮರದ ತುಂಡುಗಳೇ ಯಂತ್ರ. ಯಂತ್ರ ಮಾಡಿದವನು ಒಂಬತ್ತು ಬಗೆಯಲ್ಲಿ ದಾಳಿ ಮಾಡಿದ, ಒಂಬತ್ತು ಸಲವೂ ಮೋತ್ಸಿ ತಡೆದ. ಯುದ್ಧ ನಿಂತಿತು. ವಾಪಸ್ ಬರುವಾಗ ಅದೇ ಸಾಂಗ್ ರಾಜ್ಯದಲ್ಲಿ ಮಳೆ ಹಿಡಿಯಿತು. ಊರಬಾಗಿಲಲ್ಲಿ ನಿಲ್ಲಲು ಹೋದರೆ ಕಾವಲುಗಾರ ಒಳಗೆ ಬಿಡಲಿಲ್ಲವಂತೆ. ಆ ಕಾವಲುಗಾರ ನನಗೆ ತುಂಬಾ ಇಷ್ಟ. ಇಡೀ ಪಂಥದ ಬಾಳು ಅವನೊಬ್ಬನಲ್ಲಿದೆ.

ಇನ್ನು ನಮ್ಮ ಲೋಕ. ಒಂದೇ ಒಂದು ವಿಚಿತ್ರ ಸಾಕು. ನಾನು ಇಟ್ಟುಕೊಂಡಿದ್ದು ಇದು: ಇಲ್ಲಿ ಯಾರಾದರೂ ಯಾರಿಗಾದರೂ ಮಾತು ಕೊಟ್ಟರೆ, ಕೊಟ್ಟವರ ಎಡ ಅಂಗೈ ಚರ್ಮದಡಿ ಒಂದು ಹರಳು ಮೂಡುತ್ತದೆ. ಸಣ್ಣ ಮಾತಿಗೆ ಸಾಸಿವೆಯಷ್ಟು, ದೊಡ್ಡ ಮಾತಿಗೆ ಹುಣಸೆಬೀಜದಷ್ಟು. ನಡೆಸಿಕೊಟ್ಟರೆ ಕರಗಿಹೋಗುತ್ತದೆ. ತಪ್ಪಿದರೆ ಸಾಯುವವರೆಗೂ ಅಲ್ಲೇ ಇರುತ್ತದೆ.

ವಿಚಿತ್ರ ಸಿಕ್ಕ ಮೇಲೆ ಒಂದು ದಿನ ಸುಮ್ನೆ ಅದರ ಜೊತೆ ಓಡಾಡಿ. ಏನೇನು ಬದಲಾಗುತ್ತದೆ ಅಂತ ಬರೆಯಿರಿ. ಹೆಣ್ಣು ಕೊಡುವವರು ಹುಡುಗನ ಅಂಗೈ ಒತ್ತಿ ನೋಡುತ್ತಾರೆ. ಸಾಲ ಕೊಡುವವನೂ ಅಷ್ಟೇ. ರಾಜರು ಎಡಗೈಗೆ ಗವಸು ಹಾಕುತ್ತಾರೆ. "ನಾಳೆ ಖಂಡಿತ ಬರ್ತೀನಿ ಸಾರ್" ಅನ್ನುವ ನಮ್ಮ ಬಡಗಿ ಆ ಲೋಕದಲ್ಲಿ ಉಳಿ ಹಿಡಿಯುವುದೇ ಕಷ್ಟ. ನಿಯಮದ ಅಂಚುಗಳನ್ನೂ ಆಗಲೇ ಗಟ್ಟಿ ಮಾಡಿಕೊಳ್ಳಿ. ಬರೆದ ಮಾತಿಗೆ ಹರಳು ಮೂಡುತ್ತದಾ? 1990ರ ದಶಕದಲ್ಲಿ ದೆವ್ವ ಬಾರದಿರಲಿ ಅಂತ ನಮ್ಮ ಕಡೆ ಬಾಗಿಲ ಮೇಲೆ "ನಾಳೆ ಬಾ" ಅಂತ ಬರೆಯುತ್ತಿದ್ದರಲ್ಲ, ಆ ಲೋಕದಲ್ಲಿ ಹಾಗೆ ಬರೆದರೆ ಮನೆಯವರ ಕೈಗೆ ದಿನಾ ಒಂದು ಹರಳಾ? ನಾನು "ಬರೆದದ್ದಕ್ಕೆ ಇಲ್ಲ, ನುಡಿದದ್ದಕ್ಕೆ ಮಾತ್ರ" ಅಂತ ಇಟ್ಟುಕೊಂಡೆ. ಈ ಒಂದು ತೀರ್ಮಾನ ಮುಂದೆ ಎಷ್ಟು ಉಪಯೋಗಕ್ಕೆ ಬಂತು ಅಂತ ನೋಡುತ್ತೀರಿ.

ಹೆಜ್ಜೆ 2: ಯಾರಿಗೆ ನೋವಾಯಿತು?

ವಿಚಿತ್ರದಿಂದ ಪ್ರಶ್ನೆ ತಾನಾಗಿ ಹುಟ್ಟುವುದಿಲ್ಲ. ಅದು ಯಾರೋ ಒಬ್ಬರನ್ನು ಕುಕ್ಕಬೇಕು. ಸ್ಟೋಯಿಕ್ ಪಂಥ ಶುರು ಮಾಡಿದ ಝೀನೋ ಮೂಲತಃ ವ್ಯಾಪಾರಿ, ಸೈಪ್ರಸ್ ದ್ವೀಪದವನು. ಸರಕಿನ ಹಡಗು ಮುಳುಗಿ ಅಥೆನ್ಸ್ ಸೇರಿದ, ಪುಸ್ತಕದಂಗಡಿಯಲ್ಲಿ ಕೂತು ಓದು ಕೇಳುತ್ತಾ ತತ್ವದ ಹುಚ್ಚು ಹಿಡಿಸಿಕೊಂಡ ಎಂದು ಹಳೆಯ ಕಥೆ ಹೇಳುತ್ತದೆ. ನಮ್ಮ ಕೈಲಿರುವುದು ಯಾವುದು, ಇಲ್ಲದಿರುವುದು ಯಾವುದು ಅಂತ ಆ ಪಂಥ ಮತ್ತೆ ಮತ್ತೆ ಕೇಳುವಾಗ ನನಗೆ ಮುಳುಗುವ ಹಡಗೇ ಕಣ್ಣಿಗೆ ಬರುತ್ತದೆ.

ನಮ್ಮ ಪಂಥಕ್ಕೆ ನಾನು ಒಬ್ಬ ಕುಂಬಾರಗಿತ್ತಿಯನ್ನು ತಂದೆ. ಕುಂಬಾರರಿಗೆ ಎರಡೂ ಅಂಗೈ ಬೇಕು, ಅದಕ್ಕೆ. ಅವಳ ಮಗ ಜ್ವರದಲ್ಲಿ ಬಿದ್ದಿದ್ದ. "ನಿನಗೇನೂ ಆಗಲ್ಲ ಮಗಾ" ಅಂದಳು. ಯಾವ ತಾಯಿಯಾದರೂ ಅನ್ನುವ ಮಾತು. ಮೂರನೇ ದಿನ ಮಗು ಹೋಯಿತು. ಹರಳು ಉಳಿಯಿತು, ಹೆಬ್ಬೆರಳಿನ ಬುಡದಲ್ಲಿ. ಆಮೇಲೆ ಅವಳು ತಿಗರಿಯ ಮುಂದೆ ಕೂತಾಗಲೆಲ್ಲ ಮಡಕೆಯ ಒಳಗೋಡೆಯಲ್ಲಿ ಒಂದು ಗೆರೆ ಬೀಳುತ್ತಿತ್ತು, ಹರಳು ಒತ್ತಿದ ಗೆರೆ. ಪ್ರತಿ ಮಡಕೆಯಲ್ಲೂ. ಸಂತೆಯಲ್ಲಿ ಜನ ಅದನ್ನು ಅವಳ ಗುರುತು ಅಂತ ತಿಳಿದು ಕೇಳಿ ಕೊಳ್ಳುತ್ತಿದ್ದರು.

ಅವಳ ಪ್ರಶ್ನೆ ಇಷ್ಟೇ: ನಾಳೆಯನ್ನು ಕೊಡುವುದಕ್ಕೆ ನಾನು ಯಾರು?

ಗಮನಿಸಿ, ಇದು ಆ ಲೋಕದಲ್ಲೇ ಹುಟ್ಟಬಹುದಾದ ಪ್ರಶ್ನೆ, ಆದರೆ ನಮಗೂ ಮುಟ್ಟುತ್ತದೆ. ಹುಲಿಗೆ ಕೊಟ್ಟ ಮಾತಿಗಾಗಿ ಕರುವನ್ನು ಬಿಟ್ಟು ಹೊರಟ ಹಸುವಿನ ಕಥೆ ಕೇಳಿ ಬೆಳೆದವರು ನಾವು. "ಆ ಹಸು ಮಾತೇ ಕೊಡಬಾರದಿತ್ತು" ಅನ್ನುವ ಜನ ಹೇಗಿರುತ್ತಾರೆ ಅಂತ ಊಹಿಸಿಕೊಂಡರೆ ನಮ್ಮ ಪಂಥದವರ ಮುಖ ಕಾಣುತ್ತದೆ.

ಹೆಜ್ಜೆ 3: ಒಂದು ಸಾಲು, ಒಂದು ಚಿತ್ರ

ಸಂತೆಯಲ್ಲಿ ಸೊಪ್ಪು ಮಾರುವವಳಿಗೂ ಆ ಪಂಥ ಏನನ್ನುತ್ತದೆ ಅಂತ ಗೊತ್ತಿರಬೇಕು. ಪೂರ್ತಿ ಗೊತ್ತಿರಬೇಕಿಲ್ಲ, ಅರ್ಧ ತಪ್ಪಾಗಿಯೇ ಗೊತ್ತಿರಲಿ. ಅದಕ್ಕೆ ಒಂದು ಚಿತ್ರ ಬೇಕು.

ಇದಕ್ಕೆ ಶ್ರೀವೈಷ್ಣವರ ಬೆಕ್ಕು ಮತ್ತು ಕೋತಿಗಿಂತ ಒಳ್ಳೆಯ ಪಾಠ ನಾನು ಕಂಡಿಲ್ಲ. ರಾಮಾನುಜರ ನಂತರ ಆ ಪರಂಪರೆ ವಡಗಲೈ, ತೆಂಗಲೈ ಅಂತ ಎರಡಾಯಿತು. ದೇವರ ಕೃಪೆಗೆ ನಮ್ಮ ಪ್ರಯತ್ನ ಎಷ್ಟು ಬೇಕು ಅನ್ನುವುದು ದೊಡ್ಡ ಚರ್ಚೆ, ಸಂಸ್ಕೃತ ತಮಿಳು ಎರಡರಲ್ಲೂ ಗ್ರಂಥಗಳಿವೆ. ಆದರೆ ಮನೆಮಾತಿನಲ್ಲಿ ಉಳಿದದ್ದು ಇಷ್ಟು: ಕೋತಿಮರಿ ತಾಯಿಯ ಹೊಟ್ಟೆಯನ್ನು ತಾನೇ ತಬ್ಬಿ ಹಿಡಿಯಬೇಕು, ಬೆಕ್ಕಿನ ಮರಿ ಸುಮ್ಮನಿದ್ದರೂ ತಾಯಿ ಕಚ್ಚಿಕೊಂಡು ಹೋಗುತ್ತದೆ. ವಡಗಲೈ ಕೋತಿ, ತೆಂಗಲೈ ಬೆಕ್ಕು. ಸಣ್ಣ ಮಗುವಿಗೂ ಅರ್ಥವಾಗುತ್ತದೆ, ಪಂಡಿತನಿಗೂ ಹೊಳೆಯುತ್ತಲೇ ಇರುತ್ತದೆ.

ನಮ್ಮವರ ಚಿತ್ರ ಹುಡುಕಲು ನಾನು ನ್ಯಾಯಶಾಸ್ತ್ರದ, ಅಂದರೆ ನಮ್ಮ ಹಳೆಯ ತರ್ಕಶಾಸ್ತ್ರದ, ಐದು ಮೆಟ್ಟಿಲು ಬಳಸಿದೆ. ಬೆಟ್ಟದಲ್ಲಿ ಬೆಂಕಿ ಇದೆ; ಯಾಕೆಂದರೆ ಹೊಗೆ ಕಾಣುತ್ತಿದೆ; ಹೊಗೆ ಇದ್ದಲ್ಲೆಲ್ಲ ಬೆಂಕಿ ಇರುತ್ತದೆ, ಅಡುಗೆಮನೆಯ ಹಾಗೆ; ಇಲ್ಲೂ ಅಂಥದೇ ಹೊಗೆ; ಹಾಗಾಗಿ ಬೆಂಕಿ ಇದೆ. ಇದರ ಜೀವ ಇರುವುದು ಮೂರನೇ ಮೆಟ್ಟಿಲ ಅಡುಗೆಮನೆಯಲ್ಲಿ. ಉದಾಹರಣೆ ಕೊಡದೆ ಮುಂದೆ ಹೋಗುವ ಹಾಗಿಲ್ಲ. ನಿಮ್ಮ ಪಂಥವನ್ನೂ ಹೀಗೆ ಕೂರಿಸಿ ನೋಡಿ:

ಮಾತು ಕೊಡಬಾರದು. ಯಾಕೆಂದರೆ ನಾಳೆ ನಮ್ಮದಲ್ಲ. ತನ್ನದಲ್ಲದ್ದನ್ನು ಕೊಡುವವನು ಮೋಸಗಾರ, ಪಕ್ಕದ ಮನೆ ಎಮ್ಮೆಯನ್ನು ಸಂತೆಯಲ್ಲಿ ಮಾರಿದವನ ಹಾಗೆ. ಮಾತು ಕೊಡುವವನೂ ನಾಳೆಯನ್ನೇ ಕೊಡುತ್ತಾನೆ. ಹಾಗಾಗಿ ಮಾತು ಕೊಡಬಾರದು.

ಎಮ್ಮೆ ಬಂದ ಕೂಡಲೇ ನನಗೆ ಖುಷಿಯಾಯಿತು. ಆ ಲೋಕದಲ್ಲಿ ಇನ್ನು ಯಾರಾದರೂ "ಹೋದ ತಿಂಗಳೇ ಎಮ್ಮೆ ಮಾರಿಬಿಟ್ಟೆ" ಅಂದರೆ ತಪ್ಪಿ ಮಾತು ಕೊಟ್ಟುಬಿಟ್ಟೆ ಅಂತ ಅರ್ಥ. ಪಂಥವೊಂದು ಊರಮಾತಿಗೆ ಒಂದು ಗಾದೆ ಕೊಟ್ಟರೆ ಅರ್ಧ ಗೆದ್ದ ಹಾಗೆ.

ಹೆಜ್ಜೆ 4: ಹೆಸರು ಬೇರೆಯವರು ಇಡಲಿ

ಇದಕ್ಕೆ ಹೆಚ್ಚು ತಲೆ ಕೆಡಿಸಿಕೊಳ್ಳಬೇಡಿ. 'ವಾದ' ಅಂತ ಕೊನೆಗೆ ಅಂಟಿಸಿದರೆ ಪಂಥ ಆಗುವುದಿಲ್ಲ. ಝೀನೋ ಪಾಠ ಹೇಳಿದ್ದು ಅಥೆನ್ಸಿನ ಚಿತ್ರ ಬರೆದ ಮಂಟಪದಲ್ಲಿ. ಮಂಟಪಕ್ಕೆ ಗ್ರೀಕಿನಲ್ಲಿ ಸ್ಟೋಆ. ಅಲ್ಲಿ ಕೂರುವವರು ಸ್ಟೋಯಿಕರು. ಡಯೋಜಿನೀಸ್ ಎಂಬ ಇನ್ನೊಬ್ಬ ಗ್ರೀಕ್ ತತ್ವಜ್ಞಾನಿಯ ಕಡೆಯವರನ್ನು ಜನ ನಾಯಿಗಳು ಅಂತ ಹೀಯಾಳಿಸಿದರು, ಆ ಬೈಗುಳವೇ ಪಂಥದ ಹೆಸರಾಯಿತು: ಸಿನಿಕರು. ಜಾಗ ಅಥವಾ ಬೈಗುಳ, ಎರಡರಲ್ಲಿ ಒಂದು ಸಾಕು.

ನಮ್ಮವರು ಸೇರುತ್ತಿದ್ದುದು ಸುಂಕದ ಕಟ್ಟೆಯಲ್ಲಿ. ಊರಿಗೆ ಬರುವ ವ್ಯಾಪಾರಿಗಳ ಅಂಗೈಯನ್ನು ಅಲ್ಲಿ ಒತ್ತಿ ಪರೀಕ್ಷೆ ಮಾಡುತ್ತಿದ್ದರು. ಇವರ ಅಂಗೈ ನೋಡಿದ ಸುಂಕದವನು "ಥೂ, ಬರಿಗೈಯವರು" ಅಂದ. ಉಳಿದದ್ದು ಅದೇ.

ಹೆಜ್ಜೆ 5: ಬೆಳಗಿನಿಂದ ರಾತ್ರಿವರೆಗೆ

ಇಲ್ಲಿ ನಿಧಾನ ಮಾಡಿ. ಒಟ್ಟು ಸಮಯದ ಅರ್ಧದಷ್ಟನ್ನು ಈ ಹೆಜ್ಜೆಗೇ ಕೊಡಬೇಕು ಅಂತ ನನ್ನ ಅಭಿಪ್ರಾಯ.

ಉಡುಪಿಗೆ ಪರ್ಯಾಯದ ಹೊತ್ತಿಗೆ ಹೋಗಿದ್ದೀರಾ? ದ್ವೈತ ದರ್ಶನದಲ್ಲಿ ಐದು ಭೇದಗಳು: ಈಶ್ವರನಿಗೂ ಜೀವಕ್ಕೂ, ಈಶ್ವರನಿಗೂ ಜಡಕ್ಕೂ, ಜೀವಕ್ಕೂ ಜೀವಕ್ಕೂ, ಜೀವಕ್ಕೂ ಜಡಕ್ಕೂ, ಜಡಕ್ಕೂ ಜಡಕ್ಕೂ. ಇದನ್ನು ಓದಿ ತಿಳಿಯಬಹುದು. ಆದರೆ ಎಂಟು ಮಠಗಳು ಎರಡೆರಡು ವರ್ಷಕ್ಕೊಮ್ಮೆ ಸರದಿಯಂತೆ ಕೃಷ್ಣನ ಪೂಜೆ ವಹಿಸಿಕೊಳ್ಳುವಾಗ ಏನಾಗುತ್ತದೆ ನೋಡಿ. ಸುಮಾರು ಒಂದು ವರ್ಷ ಮೊದಲೇ ಬಾಳೆ ಮುಹೂರ್ತ. ಬಾಳೆಗಿಡ ನೆಡುತ್ತಾರೆ, ಊಟಕ್ಕೆ ಎಲೆ ಬೇಕಲ್ಲ. ಆಮೇಲೆ ಅಕ್ಕಿ ಮುಹೂರ್ತ, ಕಟ್ಟಿಗೆ ಮುಹೂರ್ತ, ಭತ್ತ ಮುಹೂರ್ತ. ಸೌದೆಯನ್ನು ರಥದ ಆಕಾರದಲ್ಲಿ ಒಟ್ಟುತ್ತಾರೆ. ಎರಡು ವರ್ಷದ ಅನ್ನದಾನಕ್ಕೆ ಬೇಕಾದ ಸೌದೆ. ಕಲ್ಪನೆಯ ಲೋಕ ಕಟ್ಟುವವರು ಆ ಕಟ್ಟಿಗೆ ರಥದ ಮುಂದೆ ಅರ್ಧ ಗಂಟೆ ನಿಲ್ಲಬೇಕು. ನಾನು ನಿಂತಾಗ ನನ್ನ ಹನ್ನೊಂದು ಪುಟದಲ್ಲಿ ಒಂದು ಒಲೆಯೂ ಇರಲಿಲ್ಲ ಅಂತ ನೆನಪಾಯಿತು.

12ನೇ ಶತಮಾನದ ಕಲ್ಯಾಣದ ಶರಣರಲ್ಲಿ ಆಯ್ದಕ್ಕಿ ಮಾರಯ್ಯ, ಲಕ್ಕಮ್ಮ ಗಂಡ ಹೆಂಡತಿ. ಚೆಲ್ಲಿದ ಅಕ್ಕಿ ಆಯ್ದು ತರುವುದು ಮಾರಯ್ಯನ ಕಾಯಕ. ಒಂದು ದಿನ ಎಂದಿಗಿಂತ ಜಾಸ್ತಿ ತಂದ. ಲಕ್ಕಮ್ಮ ಹೆಚ್ಚಿನದನ್ನು ವಾಪಸ್ ಸುರಿದು ಬಾ ಅಂದಳು. ಕಾಯಕದ ಮೇಲೆ ಉಪನ್ಯಾಸ ಎಷ್ಟಾದರೂ ಕೇಳಿ, ಮೊರದಲ್ಲಿರುವ ಆ ಎರಡು ಹಿಡಿ ಹೆಚ್ಚಿನ ಅಕ್ಕಿ ಹೇಳಿದಷ್ಟು ಅದು ಹೇಳುವುದಿಲ್ಲ.

ಹಾಗಾಗಿ ಬರಿಗೈಯವರ ದಿನವನ್ನು ಕೂತು ಬರೆದೆ. ಮೊದಲು ಸಿಕ್ಕಿದ್ದು ಬೀಳ್ಕೊಡುವ ಮಾತು. ನಮ್ಮಲ್ಲಿ ಮನೆ ಬಿಟ್ಟು ಹೊರಡುವಾಗ "ಹೋಗ್ತೀನಿ" ಅನ್ನುವುದಿಲ್ಲ. ಅಂದರೆ ಅಜ್ಜಿ ಗದರುತ್ತಾಳೆ. "ಬರ್ತೀನಿ" ಅನ್ನಬೇಕು. ಯೋಚನೆ ಮಾಡಿ, ಅದೊಂದು ಮಾತು ಕೊಟ್ಟ ಹಾಗೇ ಅಲ್ವಾ? ಬರಿಗೈಯವರು ಹಾಗೆ ಅನ್ನುವಂತಿಲ್ಲ. ಹಾಗಾಗಿ ಏನೂ ಹೇಳದೆ ಎದ್ದು ಹೋಗುತ್ತಾರೆ. ಹೊಸದಾಗಿ ನೋಡುವವರಿಗೆ ಇದು ಸೊಕ್ಕು ಅನ್ನಿಸುತ್ತದೆ. ಅವರ ನೆಚ್ಚಿನ ಪದ "ನೋಡೋಣ". ಊರವರು ಅವರನ್ನು ಆಡಿಕೊಳ್ಳುವಾಗ ನೋಡೋಣದವರು ಅಂತಲೂ ಅನ್ನುತ್ತಾರೆ.

ಕೆಲಸ? ಮುಂಗಡ ಮುಟ್ಟುವುದಿಲ್ಲ. ಆರ್ಡರ್ ಹಿಡಿಯುವುದಿಲ್ಲ. ಸುಟ್ಟು ಆದ ಮಡಕೆ ಮಾರುತ್ತಾರೆ, "ಮುಂದಿನ ಸಂತೆಗೆ ಹತ್ತು ಮಾಡಿಕೊಡು" ಅಂದರೆ ತಲೆ ಆಡಿಸುವುದಿಲ್ಲ. ಹಾಗಾಗಿ ಅವರಿಗೆ ಒಗ್ಗುವ ಕಸುಬು ಕೈಮೇಲೆ ಕೂಲಿ ಸಿಗುವಂಥವು: ದೋಣಿ ದಾಟಿಸುವುದು, ಕ್ಷೌರ, ಸೂಲಗಿತ್ತಿಯ ಕೆಲಸ, ಗುಂಡಿ ತೋಡುವುದು. ನೆಲ ಉಳುವವರು ಅವರಲ್ಲಿ ಕಡಿಮೆ, ಬಿತ್ತುವುದೇ ಒಂದು ಬಗೆಯ ಮಾತು ಅಂತ ಕೆಲವರಿಗೆ ಅನುಮಾನ.

ಮದುವೆಯಲ್ಲಿ ಸಿಕ್ಕಿಹಾಕಿಕೊಂಡೆ. ಆಣೆ ಪ್ರಮಾಣ ಇಲ್ಲದೆ ಮದುವೆ ಹೇಗೆ? ಎರಡು ದಿನ ಬಿಟ್ಟು ಉತ್ತರ ಹೊಳೆಯಿತು. ದಿನಾ ಬೆಳಗ್ಗೆ ಇಬ್ಬರಲ್ಲಿ ಮೊದಲು ಎದ್ದವರು ಗಂಜಿ ಬಟ್ಟಲು ಚಾಚಿ "ಇವತ್ತು?" ಅಂತ ಕೇಳುತ್ತಾರೆ. ಇನ್ನೊಬ್ಬರು "ಇವತ್ತು" ಅಂದು ಬಟ್ಟಲು ತೆಗೆದುಕೊಳ್ಳುತ್ತಾರೆ. ಮದುವೆ ಆಯಿತು, ಸಂಜೆವರೆಗೆ. ನಲವತ್ತು ವರ್ಷ ಹೀಗೆ ಬಾಳಿದವರಿದ್ದಾರೆ. ಒಂದು ಬೆಳಗ್ಗೆ ಬಟ್ಟಲು ಚಾಚಿದ ಕೈ ಹಾಗೇ ಉಳಿದ ಮನೆಗಳೂ ಇವೆ.

ಮಗು ಹುಟ್ಟಿದಾಗ ಸೂಲಗಿತ್ತಿ ಮುಷ್ಟಿ ಬಿಡಿಸಿ ಎಡ ಅಂಗೈ ಎಲ್ಲರಿಗೂ ತೋರಿಸುತ್ತಾಳೆ. ಸತ್ತಾಗಲೂ ಎಡ ಅಂಗೈ ತೊಳೆದು ತೋರಿಸುತ್ತಾರೆ. ಬರಿದಾಗಿದ್ದರೆ ಯಾರೂ ಅಳುವುದಿಲ್ಲ. ಹರಳು ಸಿಕ್ಕರೆ ಅದು ಯಾರಿಗೆ ಕೊಟ್ಟ ಮಾತು ಅಂತ ಯಾರೂ ಕೇಳಬಾರದು, ಅದು ಕಟ್ಟಳೆ.

ನೀವೂ ಈ ಪ್ರಶ್ನೆಗಳನ್ನು ಕೇಳಿಕೊಳ್ಳಿ: ಊಟ, ಕಸುಬು, ಮದುವೆ, ಸಾಲ, ಸಾವು. ಐದರಲ್ಲಿ ಮೂರಕ್ಕಾದರೂ ಪಕ್ಕದ ಮನೆಯವರಿಗಿಂತ ಬೇರೆ ಉತ್ತರ ಬರಬೇಕು. ಬರದಿದ್ದರೆ ಹೆಜ್ಜೆ 1ಕ್ಕೆ ವಾಪಸ್ ಹೋಗಿ.

ಹೆಜ್ಜೆ 6: ಅನ್ನ ಹಾಕುವವರು ಯಾರು?

ಬಿಹಾರದ ಬರಾಬರ್ ಬೆಟ್ಟದಲ್ಲಿ ಬಂಡೆ ಕೊರೆದು ಕನ್ನಡಿಯ ಹಾಗೆ ನುಣುಪು ಮಾಡಿದ ಗುಹೆಗಳಿವೆ. ತಾನು ಪಟ್ಟಕ್ಕೆ ಬಂದ 12ನೇ ವರ್ಷ ಅಶೋಕ ಅಲ್ಲಿನ ಗುಹೆಗಳನ್ನು ಆಜೀವಕರಿಗೆ ಕೊಟ್ಟ ಅಂತ ಶಾಸನವೇ ಹೇಳುತ್ತದೆ. ಎಲ್ಲವೂ ವಿಧಿ, ಮನುಷ್ಯನ ಪ್ರಯತ್ನದಿಂದ ಏನೂ ಬದಲಾಗದು ಅನ್ನುತ್ತಿದ್ದವರು ಆಜೀವಕರು. ಬುದ್ಧನ ದಾರಿ ಹಿಡಿದ ರಾಜ ಅವರಿಗೆ ಗುಹೆ ಕೊಡುತ್ತಾನೆ! ಇಂಥ ಗಂಟುಗಳು ಲೋಕಕ್ಕೆ ಜೀವ ಕೊಡುತ್ತವೆ.

ಬರಿಗೈಯವರನ್ನು ಯಾವ ರಾಜ ತಾನೇ ಸಾಕುತ್ತಾನೆ? ಸೈನ್ಯಕ್ಕೆ ಬರುವುದಿಲ್ಲ, ನಿಷ್ಠೆಯ ಆಣೆ ಹಾಕುವುದಿಲ್ಲ. ಆದರೆ ಸಂತೆಯ ತಕ್ಕಡಿ ಹಿಡಿಯಲು ಅವರಿಗಿಂತ ಒಳ್ಳೆಯವರಿಲ್ಲ. ಯಾರಿಗೂ ಮಾತು ಕೊಡದವನು ಯಾರ ಕಡೆಗೂ ಮುಳ್ಳು ಬಾಗಿಸುವುದಿಲ್ಲ ಅಂತ ಜನರ ನಂಬಿಕೆ. ತೂಕಕ್ಕೆ ಒಂದು ಹಿಡಿ ಕಾಳು ಅವರ ಕೂಲಿ. ಪಂಥದ ಹೊಟ್ಟೆ ತುಂಬುವುದು ಹೀಗೆ. ತಕ್ಕಡಿ ಹಿಡಿಯುವುದೇ ಒಂದು ಮಾತು ಕೊಟ್ಟ ಹಾಗಲ್ಲವೇ ಅಂತ ನಿಮಗೆ ಅನ್ನಿಸಿತಾ? ಅವರ ಎದುರಾಳಿಗಳಿಗೂ ಅನ್ನಿಸಿದೆ.

ಹೆಜ್ಜೆ 7: ಎದುರಾಳಿಗೆ ನಿಮ್ಮ ಅತ್ಯುತ್ತಮ ಮಾತು ಕೊಡಿ

ನಮ್ಮ ಹಳೆಯ ಶಾಸ್ತ್ರಕಾರರ ಒಂದು ಒಳ್ಳೆಯ ರೂಢಿ ಪೂರ್ವಪಕ್ಷ. ಎದುರಾಳಿ ಏನನ್ನುತ್ತಾನೆ ಅಂತ ಮೊದಲು ಅವನ ಬಾಯಲ್ಲೇ ಹೇಳಿಸಬೇಕು, ಆಮೇಲೆ ಖಂಡನೆ. 14ನೇ ಶತಮಾನದಲ್ಲಿ ಮಾಧವಾಚಾರ್ಯರು ಬರೆದ ಸರ್ವದರ್ಶನಸಂಗ್ರಹ, ದೇವರು ಪರಲೋಕ ಯಾವುದನ್ನೂ ಒಪ್ಪದ ಚಾರ್ವಾಕರಿಂದಲೇ ಶುರುವಾಗುತ್ತದೆ. ತಮಾಷೆ ಅಂದರೆ ಚಾರ್ವಾಕರ ಸ್ವಂತ ಗ್ರಂಥಗಳು ಬಹುಪಾಲು ಉಳಿದಿಲ್ಲ. ಇವತ್ತು ನಮಗೆ ಅವರು ಗೊತ್ತಿರುವುದು ಹೆಚ್ಚಾಗಿ ಅವರನ್ನು ಒಪ್ಪದವರ ಬರಹದಿಂದ.

ಈ ಉಪಾಯವನ್ನು ಕದಿಯಿರಿ. ನಿಮ್ಮ ಪಂಥದ ಪರಿಚಯ ಓದುಗನಿಗೆ ಮೊದಲು ವೈರಿಯ ಬಾಯಿಂದ ಆಗಲಿ.

ಬರಿಗೈಯವರ ವೈರಿಗಳು ಬಿತ್ತುವವರು. ಅವರ ಪ್ರಕಾರ ಹರಳು ಭಾರ ಅಲ್ಲ, ಬೀಜ. ಮಳೆ ಬರುತ್ತದೋ ಇಲ್ಲವೋ ಗೊತ್ತಿಲ್ಲದೆಯೇ ರೈತ ಮಣ್ಣಿಗೆ ಕಾಳು ಹಾಕುತ್ತಾನೆ. ಮಳೆ ತನ್ನದು ಅಂತ ಅವನು ಹೇಳಿದ್ದಾನಾ? ಪಕ್ಕದ ಮನೆ ಎಮ್ಮೆಯ ಮಾತು ಇಲ್ಲಿ ನಡೆಯುವುದಿಲ್ಲ ಅನ್ನುತ್ತಾರೆ. ನಾಳೆಗೆ ಒಡೆಯ ಯಾರೂ ಇಲ್ಲ, ಒಡೆಯನಿಲ್ಲದ ಗದ್ದೆಯಲ್ಲಿ ಮೊದಲು ಬಿತ್ತಿದವನದೇ ಬೆಳೆ.

ಇಷ್ಟು ಸಾಲದು, ಇದಿನ್ನೂ ಜಾಣತನ. ಎದುರಾಳಿಯ ಮಾತು ಪಂಥ ಹುಟ್ಟಿದ ಗಾಯಕ್ಕೇ ಕೈ ಹಾಕಬೇಕು. ಬಿತ್ತುವವರ ಒಬ್ಬ ಮುದುಕ ಕುಂಬಾರಗಿತ್ತಿಯನ್ನೇ ಕೇಳುತ್ತಾನೆ: "ತಾಯಿ, ಆ ಮೂರು ದಿನ ನಿನ್ನ ಮಗ ಹೆದರಿಕೊಂಡು ಮಲಗಿದ್ದನೋ, ಧೈರ್ಯವಾಗಿ ಮಲಗಿದ್ದನೋ?"

ಅವಳಿಗೆ ಉತ್ತರ ಗೊತ್ತಿದೆ. ಧೈರ್ಯವಾಗಿ ಮಲಗಿದ್ದ. ಆ ಧೈರ್ಯದ ಬೆಲೆಯೇ ಅವಳ ಹೆಬ್ಬೆರಳಿನ ಬುಡದ ಹರಳು. ಇದನ್ನು ಬರೆದ ದಿನ ನಾನೂ ಬಿತ್ತುವವರ ಕಡೆಗೆ ಹೋಗಿಬಿಟ್ಟೆ. ಎದುರಾಳಿಯ ಮಾತು ಬರೆದು ಮುಗಿಸಿದಾಗ ನಿಮಗೂ ಹಾಗೆ ಆಗದಿದ್ದರೆ, ಅದನ್ನು ಇನ್ನೊಮ್ಮೆ ಬರೆಯಿರಿ.

ಹೆಜ್ಜೆ 8: ಒಳಗೇ ಒಡಕು

ಒಡಕಿಲ್ಲದ ಪಂಥ ಬೊಂಬೆಮನೆ. ಬೆಕ್ಕು ಕೋತಿಯ ಕಥೆಗೆ ಮತ್ತೆ ಬನ್ನಿ. ಆ ಸೂಕ್ಷ್ಮ ಭೇದ ಇವತ್ತು ಕಣ್ಣಿಗೆ ಕಾಣುವುದು ಹಣೆಯ ಮೇಲೆ. ವಡಗಲೈ ನಾಮಕ್ಕೆ ಕೆಳಗೆ ಪಾದ ಇಲ್ಲ, ತೆಂಗಲೈ ನಾಮಕ್ಕೆ ಮೂಗಿನ ಮೇಲೆ ಇಳಿಯುವ ಪಾದ ಇದೆ. ಕಾಂಚಿಪುರದ ವರದರಾಜ ದೇವಸ್ಥಾನದಲ್ಲಿ ಯಾರು ಸ್ತೋತ್ರಪಾಠ ಹೇಳಬೇಕು ಅನ್ನುವ ಜಗಳ ಕೋರ್ಟ್ ಮೆಟ್ಟಿಲು ಹತ್ತಿದೆ. ತತ್ವದ ಭೇದ ಹೀಗೆ ಹಣೆಗೂ ಮೆರವಣಿಗೆಗೂ ಇಳಿದಾಗಲೇ ಅದು ಓದುಗನಿಗೆ ಕಾಣುವುದು.

ಒಡಕು ಹುಟ್ಟಿಸಲು ಸುಲಭದ ದಾರಿ: ನಿಯಮದ ಅಂಚಿಗೆ ಹೋಗಿ. ನುಡಿದ ಮಾತಿಗೆ ಮಾತ್ರ ಹರಳು ಅಂತ ನಾನು ಆಗ ಇಟ್ಟುಕೊಂಡಿದ್ದೆನಲ್ಲ. ಒಂದು ದಿನ ಹುಟ್ಟುಮೂಗಿ ಒಬ್ಬಳು ಸಾಯುತ್ತಾಳೆ. ಬರಿಗೈಯವರ ಹೆಂಗಸು, ಬದುಕಿಡೀ ಒಂದು ಮಾತೂ ಆಡಿದವಳಲ್ಲ. ಎಡ ಅಂಗೈ ತೊಳೆಯುತ್ತಾರೆ. ಹುಣಸೆಬೀಜದಷ್ಟು ಹರಳು.

ಪಂಥ ಅಲ್ಲೇ ಎರಡಾಗುತ್ತದೆ. ಒಬ್ಬರು, ಅದು ಬೇರೆ ಏನೋ ಗಂಟು, ನುಡಿಯದೆ ಮಾತಿಲ್ಲ ಅನ್ನುತ್ತಾರೆ. ಇನ್ನೊಬ್ಬರು, ನೋಟವೂ ಮಾತೇ ಅನ್ನುತ್ತಾರೆ. ಈ ಎರಡನೆಯವರು ಮೆಲ್ಲಗೆ ಕಣ್ಣಲ್ಲಿ ಕಣ್ಣಿಟ್ಟು ನೋಡುವುದನ್ನೇ ಬಿಡುತ್ತಾರೆ. ಅವರ ಮನೆಯ ಮಕ್ಕಳು ಅಮ್ಮನ ಕಣ್ಣಿನ ಬಣ್ಣ ಗೊತ್ತಿಲ್ಲದೆ ಬೆಳೆಯುತ್ತಾರೆ. ಮೊದಮೊದಲು ನಮ್ಮ ಆಟದಲ್ಲಿ ಎಲ್ಲರೂ ಇದಕ್ಕೆ ನಕ್ಕರು. ಒಬ್ಬ ಆಟಗಾರ ತನ್ನ ಪಾತ್ರ ಆ ಮನೆಯಲ್ಲೇ ಹುಟ್ಟಿದ್ದು ಅಂದ ಮೇಲೆ ನಗು ನಿಂತಿತು.

ಹೆಜ್ಜೆ 9: ಗ್ರಂಥ, ಆದರೆ ನಾಲ್ಕೇ ಸಾಲು

ಇಷ್ಟೆಲ್ಲ ಆದ ಮೇಲೆ ಗ್ರಂಥಕ್ಕೆ ಬನ್ನಿ. ಮೊದಲೇ ಬರೆದರೆ ನನ್ನ ಹನ್ನೊಂದು ಪುಟದ ಗತಿ. ಪಂಥದ ಸ್ವಭಾವವೇ ಬರಹದ ರೂಪವನ್ನು ನಿರ್ಧರಿಸಲಿ. ಬಾಯಿಪಾಠ ಮಾಡುವವರಿಗೆ ಸೂತ್ರ ಬೇಕು, ಕೆಲಸ ಮಾಡುತ್ತಾ ಮಾತಾಡುವವರಿಗೆ ವಚನ. ಬರಿಗೈಯವರು ನಾಳೆಯ ಬಗ್ಗೆ ಬರೆಯುವ ಹಾಗಿಲ್ಲ. ಹಾಗಾಗಿ ಅವರ ಗ್ರಂಥ ಒಂದು ಲೆಕ್ಕದ ಪುಸ್ತಕ, ಮುಗಿದದ್ದು ಮಾತ್ರ ಬರೆಯುವ ಪುಸ್ತಕ.

ಮಳೆ ಬಂತು. ಮಾಡು ಸೋರಿತು.
ಮಾಡು ಹೊದಿಸಿದೆ. ಮಳೆ ನಿಂತಿತ್ತು.
ನೆರೆಯವಳು ಉಪ್ಪು ಕೇಳಿದಳು. ಕೊಟ್ಟೆ.
ಯಾವಾಗ ವಾಪಸ್ ಅಂದಳು. ಉಪ್ಪು ಆಗಲೇ ಸಾರಿನಲ್ಲಿತ್ತು.

ಇಷ್ಟು ಸಾಕು. ಪುಸ್ತಕದ ಉಳಿದ ಭಾಗ ಗೆದ್ದಲು ತಿಂದಿದೆ ಅನ್ನಿ, ಯಾರೂ ಕೇಳುವುದಿಲ್ಲ.

ಹೆಜ್ಜೆ 10: ಆಟಕ್ಕೆ ಇಳಿಸಿ

ಕೊನೆಯ ಕೆಲಸ, ಪಂಥದ ಒಬ್ಬರನ್ನು ಅವರ ನಿಯಮ ಕೈಕೊಡುವ ಜಾಗದಲ್ಲಿ ನಿಲ್ಲಿಸುವುದು. ಅಲ್ಲಿ ಯಾರೂ ತತ್ವ ಮಾತಾಡಬಾರದು. ಒಂದೇ ಒಂದು ತತ್ವದ ಪದ ಬಂದರೂ ದೃಶ್ಯವನ್ನು ಮತ್ತೆ ಬರೆಯಿರಿ.

ನಾನು ಬಹಳ ಯೋಚಿಸಲಿಲ್ಲ, ಕುಂಬಾರಗಿತ್ತಿಯ ಗುಡಿಸಲನ್ನೇ ತಂದೆ. ಅದೇ ಊರು, ನೂರು ವರ್ಷದ ನಂತರ. ಜ್ವರದ ಮಗು. ಪಕ್ಕದಲ್ಲಿ ಬರಿಗೈಯವರ ಸೂಲಗಿತ್ತಿ, ಅವಳನ್ನು ಆಡುತ್ತಿದ್ದವಳು ಅದೇ ಗೆಳತಿ, ಮೊದಲ ಸಲ ಹೊಟ್ಟೆಗೇನು ಅಂತ ಕೇಳಿದವಳು. ನಾನು ಮಗುವಿನ ದನಿಯಲ್ಲಿ ಕೇಳಿದೆ, "ಅತ್ತೆ, ಬೆಳಗ್ಗೆ ಇರ್ತೀಯಾ?"

ಅವಳು ಬಹಳ ಹೊತ್ತು ದಾಳವನ್ನು ಬೆರಳಲ್ಲಿ ತಿರುಗಿಸುತ್ತಾ ಕೂತಳು. "ನೋಡೋಣ" ಅನ್ನಲಿಲ್ಲ. "ಇರ್ತೀನಿ" ಅಂತಲೂ ಅನ್ನಲಿಲ್ಲ. ಆಮೇಲೆ ಹೇಳಿದಳು, "ಮಲಗು. ದೀಪ ಆರಿಸಲ್ಲ."

ಮೇಜಿನ ಸುತ್ತ ಗಲಾಟೆ ಶುರುವಾಯಿತು. ಆರಿಸಲ್ಲ ಅಂದರೆ ಮಾತು ಕೊಟ್ಟ ಹಾಗೇ, ಹರಳು ಮೂಡಲೇಬೇಕು ಅಂತ ಇಬ್ಬರು. ಈಗ ಆರಿಸುತ್ತಿಲ್ಲ ಅಂತ ಹೇಳಿದ್ದು ಅಷ್ಟೇ, ನಾಳೆಯ ಮಾತೇ ಅಲ್ಲಿಲ್ಲ ಅಂತ ಇನ್ನಿಬ್ಬರು. ಒಬ್ಬ ಎದ್ದು ನಿಂತು ಎಮ್ಮೆಯ ವಾದ ಮಂಡಿಸಿದ. ಕಾಫಿ ಆರಿಹೋಯಿತು. ಎಲ್ಲರೂ ನನ್ನ ಕಡೆ ತಿರುಗಿ ತೀರ್ಪು ಕೇಳಿದರು. ನಾನು ತೀರ್ಪು ಕೊಡಲಿಲ್ಲ. ಸೂಲಗಿತ್ತಿಯ ಕಡೆ ನೋಡಿ ಒಂದೇ ಪ್ರಶ್ನೆ ಕೇಳಿದೆ, ದೀಪದಲ್ಲಿ ಎಣ್ಣೆ ಎಷ್ಟಿದೆ?